ಬೀದಿಯ ಗೋಡೆ ಯಾರದು?

ಜಾತ್ರೆ ಸಮೀಪಿಸಿತೆಂದರೆ ಮನೆಯ ಗೋಡೆಗೆ ಸುಣ್ಣ ಬಳಿದು ಕೆಮ್ಮಣ್ಣಿನ ಅಂಚು ಎಳೆಯುವುದು ನಮ್ಮ ಸೀಮೆಯ ಹಳೆಯ ರೂಢಿ. ಆದರೆ ಆ ಸುಣ್ಣ ನಮ್ಮ ಹೊಸ್ತಿಲಿನಿಂದಾಚೆ ಹೋಗುವುದಿಲ್ಲ. ಬೀದಿಯ ಗೋಡೆ ಎಲ್ಲರದೂ ಆಗಿ, ಕೊನೆಗೆ ಯಾರದೂ ಅಲ್ಲದಂತಾಗಿ, ಕಸಕ್ಕೂ ಹೊಲಸಿಗೂ ಆಶ್ರಯವಾಗುತ್ತದೆ.

ಹಿರಿಯರು ಚಿತ್ರವನ್ನು ಕಂಡ ಬಗೆ ಬೇರೆ. ಹಂಪೆಯ ವಿರೂಪಾಕ್ಷ ದೇಗುಲದ ರಂಗಮಂಟಪದ ಮೇಲ್ಛಾವಣಿಯನ್ನು ತಲೆಯೆತ್ತಿ ನೋಡಿರಿ. ಅಲ್ಲಿ ಗಿರಿಜಾಕಲ್ಯಾಣವಿದೆ, ವಿದ್ಯಾರಣ್ಯರ ಮೆರವಣಿಗೆಯೂ ಇದೆ. ಚಿತ್ರಕಾರನು ಯತಿಗಳನ್ನಷ್ಟೇ ಬರೆದು ಕೈಬಿಡಲಿಲ್ಲ. ಪಲ್ಲಕ್ಕಿ ಹೊತ್ತವರನ್ನೂ ವಾದ್ಯದವರನ್ನೂ ಬರೆದನು. ಲೇಪಾಕ್ಷಿಯ ವೀರಭದ್ರ ದೇಗುಲವು 16ನೆಯ ಶತಮಾನದಲ್ಲಿ ಅಚ್ಯುತರಾಯನ ಆಳ್ವಿಕೆಯಲ್ಲಿ ವಿರೂಪಣ್ಣ, ವೀರಣ್ಣ ಸೋದರರು ಕಟ್ಟಿಸಿದ್ದು. ಅಲ್ಲಿನ ವರ್ಣಚಿತ್ರಗಳು ಅಕ್ಷರವರಿಯದವರಿಗೂ ಶಿವಕಥೆಯನ್ನು ಓದಿಸುತ್ತ ಬಂದಿವೆ.

ಇತ್ತೀಚಿನ ನಿದರ್ಶನವೊಂದುಂಟು. 2009ರಲ್ಲಿ ಬೆಂಗಳೂರಿನ ಮಹಾನಗರಪಾಲಿಕೆಯು ಬೀದಿಗೋಡೆಗಳ ಮೇಲೆ ನಾಡಿನ ತಾಣಗಳನ್ನೂ ಕಲೆಗಳನ್ನೂ ಬರೆಯಿಸಿತು. ಫ್ಲೆಕ್ಸ್ ಮುದ್ರಣ ಬಂದು ಕೆಲಸ ಕಳೆದುಕೊಂಡಿದ್ದ ನಾಮಫಲಕದ ಕಲಾವಿದರಿಗೆ ಮತ್ತೆ ಕುಂಚ ಹಿಡಿಯುವ ಕಾಯಕ ದೊರೆಯಿತು. ಇದು ಮೆಚ್ಚತಕ್ಕದ್ದೇ. ಆದರೂ ಸರಕಾರ ಬರೆಯಿಸಿದ ಚಿತ್ರಕ್ಕೂ ಕೇರಿಯವರು ಕೂಡಿ ಬರೆದ ಚಿತ್ರಕ್ಕೂ ಅಂತರವಿದೆ. ಮೊದಲನೆಯದನ್ನು ಜನ ನೋಡುತ್ತಾರೆ, ಎರಡನೆಯದನ್ನು ಕಾಯುತ್ತಾರೆ.

ಗಲೀಜು ತಡೆಯಲೆಂದು ಗೋಡೆಯ ಬುಡದಲ್ಲಿ ದೇವರ ಚಿತ್ರ ಅಂಟಿಸುವುದನ್ನು ಮಾತ್ರ ನಾವು ಒಪ್ಪಲಾರೆವು. ದೇವರನ್ನು ಕಾವಲಿಗೆ ನಿಲ್ಲಿಸಿ ನಾವು ಹೊಣೆಯಿಂದ ಜಾರಿಕೊಳ್ಳುವುದು ಭಕ್ತಿಯಲ್ಲ.

ಕೊಟ್ಟೂರಿನವರಿಗೆ ಕೂಡಿ ಮಾಡುವ ಪಾಠವನ್ನು ಬೇರೆಯವರು ಹೇಳಬೇಕಿಲ್ಲ. 2017ರ ಫೆಬ್ರುವರಿ 21ರಂದು ಗುರು ಕೊಟ್ಟೂರೇಶ್ವರ ಸ್ವಾಮಿಯ ತೇರು ಸಾಗುತ್ತಿರುವಾಗಲೇ ಉರುಳಿತು. ಕಣ್ಣೆದುರು ಮುರಿದುಬಿದ್ದ ಮರವನ್ನು ಕಂಡು ಅತ್ತ ಊರೇ ಮುಂದೆ ಹೊಸ ತೇರಿನ ಹಗ್ಗ ಹಿಡಿಯಿತು. ಮರದ ತೇರು ಬಿದ್ದೀತು. ಎಳೆಯುವ ಕೈಗಳ ಒಗ್ಗಟ್ಟು ಬೀಳಲಿಲ್ಲ. ಸ್ಥಾವರ, ಜಂಗಮಗಳ ಭೇದವನ್ನು ಶರಣರು ತಿಳಿಹೇಳಿದ್ದು ಇದಕ್ಕಾಗಿಯೇ ಅಲ್ಲವೆ?

ಗೋಡೆಯ ಬಣ್ಣವೂ ಸ್ಥಾವರವೇ. ನಾಲ್ಕು ಮಳೆಗಾಲಕ್ಕೆ ಮಾಸುತ್ತದೆ. ಅದನ್ನು ಬಳಿಯಲು ಎಲ್ಲ ಓಣಿಗಳ ಮಕ್ಕಳು ಒಂದೇ ಡಬ್ಬಿಯಲ್ಲಿ ಕುಂಚ ಅದ್ದಿದರೆ, ಹಿರಿಯರು ನೀರು ಹೊತ್ತು ತಂದರೆ, ತಾಯಂದಿರು ದಾಸೋಹ ನಡೆಸಿದರೆ, ಆ ಕೂಟವೇ ಜಂಗಮ. ಒಂದು ಕೇರಿಯನ್ನು ಹೊರಗಿಟ್ಟು ಬರೆದ ಚಿತ್ರ ಎಷ್ಟೇ ಚೆಲುವಾಗಿದ್ದರೂ ಅದು ಬರಿಯ ಬಣ್ಣ. ಬರುವ ಜಾತ್ರೆಗೆ ಮುನ್ನ, ಸದ್ಭಕ್ತರೇ, ನಿಮ್ಮ ಮನೆಯ ಸುಣ್ಣದಲ್ಲಿ ಒಂದು ಪಾಲು ಬೀದಿಯ ಗೋಡೆಗೂ ಮೀಸಲಿರಲಿ.