ಆಫ್‌ಲೈನ್ ನಿಘಂಟು: ಯಾವ ಗಂಟು ಬಿಚ್ಚಬೇಕು, ಯಾವುದನ್ನು ಬಿಚ್ಚಬಾರದು?

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಕಡೆಯ ವಿದ್ಯಾರ್ಥಿಗೆ ನೆಟ್ ಇರಲಿ ಬಿಡಲಿ, ಕೈಯಳತೆಯಲ್ಲಿ ಒಂದು ಒಳ್ಳೆಯ ನಿಘಂಟು ಬೇಕು. ಗೋಲ್ಡನ್‌ಡಿಕ್ಟ್‌ನಂಥ ಮುಕ್ತ ತಂತ್ರಾಂಶದಲ್ಲಿ ಅದನ್ನು ಪುಕ್ಕಟೆ ಬಳಸಬಹುದು. ಆದರೆ ಕೆಲವು ತಪ್ಪು ತಿಳಿವಳಿಕೆಗಳಿಂದ ಎಷ್ಟೋ ಜನ ಅರ್ಧಕ್ಕೇ ಕೈಬಿಡುತ್ತಾರೆ.

ತಪ್ಪು ಕಲ್ಪನೆ: ತಂತ್ರಾಂಶ ಹಾಕಿದರೆ ಪದಗಳೂ ಬರುತ್ತವೆ.
ಸತ್ಯ: ಗೋಲ್ಡನ್‌ಡಿಕ್ಟ್ ಪುಸ್ತಕದ ಕಪಾಟು ಇದ್ದಂತೆ, ಪುಸ್ತಕ ನಾವೇ ತಂದಿಡಬೇಕು. ಒಮ್ಮೆ ಇಳಿಸಿಕೊಂಡರೆ ಆಮೇಲೆ ನೆಟ್ ಬೇಕಿಲ್ಲ, ಪೆನ್‌ಡ್ರೈವಿನಲ್ಲೂ ಹಂಚಬಹುದು.

ತಪ್ಪು ಕಲ್ಪನೆ: ಪುಕ್ಕಟೆ ಸಿಗುವುದೆಲ್ಲ ಕದ್ದ ಮಾಲು.
ಸತ್ಯ: 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟ್ಟೆಲ್ ನಿಘಂಟಿನ ಕೃತಿಸ್ವಾಮ್ಯ ಎಂದೋ ಮುಗಿದಿದೆ. ವಿ. ಕೃಷ್ಣ ಅವರು ದಶಕಗಟ್ಟಲೆ ದುಡಿದು ಕಟ್ಟಿದ ಕನ್ನಡ-ಇಂಗ್ಲಿಷ್ ನಿಘಂಟು 'ಅಲರ್' 2019ರಲ್ಲಿ ಮುಕ್ತ ಪರವಾನಗಿಯಲ್ಲೇ ಹೊರಬಂತು. ಅದರಲ್ಲಿ ಸುಮಾರು 1.5 ಲಕ್ಷ ಪದಗಳಿವೆ.

ತಪ್ಪು ಕಲ್ಪನೆ: ಕುಗ್ಗಿಸಿದ ಫೈಲನ್ನೆಲ್ಲ ಬಿಚ್ಚಲೇಬೇಕು.
ಸತ್ಯ: ಇಳಿಸಿಕೊಂಡ ನಿಘಂಟಿನ ಹೊರಗಿನ ಟಾರ್ ಗಂಟು, ಅಂದರೆ ಫೈಲುಗಳನ್ನು ಒಟ್ಟುಗೂಡಿಸಿದ ಕಟ್ಟು, ಬಿಚ್ಚಬೇಕು. ಒಳಗೆ ಒಂದೇ ಹೆಸರಿನ ಮೂರು ಫೈಲು ಕಾಣುತ್ತವೆ. ಐಎಫ್ಒ ಎಂಬುದು ನಿಘಂಟಿನ ಪರಿಚಯ ಚೀಟಿ. ಐಡಿಎಕ್ಸ್ ಅದರ ಪದಸೂಚಿ: 'ಕೂರಿಗೆ' ಎಂಬ ಪದದ ಮುಂದೆ ಎರಡು ಅಂಕಿ ಇರುತ್ತವೆ, ಅರ್ಥ ಎಲ್ಲಿ ಶುರು, ಎಷ್ಟು ಉದ್ದ ಎಂದು. ಡಿಕ್ಟ್‌-ಡಿಜೆಡ್ ಫೈಲಿನಲ್ಲಿ ಅರ್ಥಗಳಿವೆ. ಇದನ್ನು ಬಿಚ್ಚುವ ಅಗತ್ಯವೇ ಇಲ್ಲ. ತುಂಡು ತುಂಡಾಗಿ ಕುಗ್ಗಿಸಿರುವುದರಿಂದ ತಂತ್ರಾಂಶ ಬೇಕಾದ ತುಂಡನ್ನಷ್ಟೇ ತೆರೆದು ಓದುತ್ತದೆ. ಮೂರೂ ಒಂದೇ ಫೋಲ್ಡರಿನಲ್ಲಿರಲಿ, ಹೆಸರು ಬದಲಿಸಬೇಡಿ. ನಂತರ ಎಡಿಟ್, ಡಿಕ್ಷನರೀಸ್, ಸೋರ್ಸಸ್, ಫೈಲ್ಸ್‌ಗೆ ಹೋಗಿ ಆ ಫೋಲ್ಡರ್ ಸೇರಿಸಿ. ಒಳಫೋಲ್ಡರುಗಳಿದ್ದರೆ 'ರಿಕರ್ಸಿವ್' ಗುರುತು ಹಾಕಿ, ರೀಸ್ಕ್ಯಾನ್ ಒತ್ತಿ. ಮೊದಲ ಸಲ ತಡವಾದರೆ ಗಾಬರಿ ಬೇಡ. ತಂತ್ರಾಂಶ ತನ್ನದೇ ಪದಸೂಚಿ ಕಟ್ಟಿಕೊಳ್ಳುತ್ತಿರುತ್ತದೆ.

ತಪ್ಪು ಕಲ್ಪನೆ: ಪದ ಸಿಗದಿದ್ದರೆ ನಿಘಂಟು ಕೆಟ್ಟಿದೆ.
ಸತ್ಯ: 'ಹೊಲದಾಗ' ಎಂದು ಹುಡುಕಿದರೆ ಸಿಗದು, 'ಹೊಲ' ಎಂದು ಹುಡುಕಿ. ವಿಭಕ್ತಿ ಕಳಚಿದ ಮೂಲರೂಪವೇ ನಿಘಂಟಿನಲ್ಲಿರುವುದು. ಹಳೆಯ 'ನುಡಿ' ತಂತ್ರಾಂಶದ ಫೈಲಿನಿಂದ ಪದ ನಕಲು ಮಾಡಿದರೂ ಸಿಗದು. ಪರದೆಯ ಮೇಲೆ ಕನ್ನಡ ಕಂಡರೂ ಒಳಗಿರುವುದು ಬೇರೆ ಸಂಕೇತ. ಯೂನಿಕೋಡ್‌ನಲ್ಲಿ ಟೈಪ್ ಮಾಡಿ.

ತಪ್ಪು ಕಲ್ಪನೆ: ನಿಘಂಟು ಮಾಡುವುದು ಪಂಡಿತರ ಕೆಲಸ, ನಮ್ಮ ಮಾತಿಗೆ ಅಲ್ಲಿ ಜಾಗವಿಲ್ಲ.
ಸತ್ಯ: ಸಾಲಿಗೊಂದು ಪದ, ನಡುವೆ ಒಂದು ಟ್ಯಾಬ್, ಆಮೇಲೆ ಅರ್ಥ, ಇಷ್ಟು ಬರೆದಿಟ್ಟರೆ ಪೈಗ್ಲಾಸರಿ ಎಂಬ ಮುಕ್ತ ತಂತ್ರಾಂಶ ಅದನ್ನು ಇದೇ ಮೂರು ಫೈಲಿನ ರೂಪಕ್ಕೆ ತರುತ್ತದೆ. ಎಡೆಕುಂಟೆ ಹೊಡೆದ, ಹಗೇವಿನಲ್ಲಿ ಜೋಳ ತುಂಬಿದ ಹಿರಿಯರು ಇನ್ನೂ ನಮ್ಮ ಕಟ್ಟೆಗಳ ಮೇಲೆ ಕೂತಿದ್ದಾರೆ. ಅವರ ಬಾಯಲ್ಲಿರುವ ನೂರು ಪದಗಳನ್ನು ಈ ಬೇಸಿಗೆ ರಜೆಯಲ್ಲಿ ಬರೆದುಕೊಳ್ಳಿ. ಕಿಟ್ಟೆಲ್ ನಿಘಂಟಿನ ಪಕ್ಕದಲ್ಲೇ ಅವೂ ತೆರೆದುಕೊಳ್ಳುತ್ತವೆ.