ಒಂದು ವೋಟು, ಒಂದು ನೋಟು

ಮತದಾರರೇ ಅಭ್ಯರ್ಥಿಗೆ ದುಡ್ಡು ಕೊಟ್ಟು ಗೆಲ್ಲಿಸಿದ ಚುನಾವಣೆ ಗೊತ್ತಾ?

1952. ಸಾಗರ-ಹೊಸನಗರ ಕ್ಷೇತ್ರ. ಸಮಾಜವಾದಿ ಪಕ್ಷದಿಂದ ನಿಂತವರು ಶಾಂತವೇರಿ ಗೋಪಾಲಗೌಡ. ತೀರ್ಥಹಳ್ಳಿ ಸೀಮೆಯ ಬಡ ಮನೆಯ ಹುಡುಗ, ಕೈಯಲ್ಲಿ ಕಾಸಿಲ್ಲ.

ಆದರೆ ಜನ ಅವರನ್ನು ಬಲ್ಲರು. ಹಿಂದಿನ ವರ್ಷವಷ್ಟೇ ಕಾಗೋಡು ಸತ್ಯಾಗ್ರಹ ನಡೆದಿತ್ತು. ಗೇಣಿ ಭತ್ತ ಅಳೆಯಲು ದೊಡ್ಡ ಕೊಳಗ ಬಳಸುತ್ತಿದ್ದ ಭೂಮಾಲೀಕರ ವಿರುದ್ಧ ಗೇಣಿದಾರರು ಎದ್ದು ನಿಂತಾಗ, ಗೌಡರು ಅವರ ಜೊತೆಗಿದ್ದರು.

ಪ್ರಚಾರದಲ್ಲಿ ಕೇಳಿದ್ದು ಇಷ್ಟೇ: 'ಒಂದು ವೋಟು, ಒಂದು ನೋಟು.' ಜನ ಎರಡನ್ನೂ ಕೊಟ್ಟರು. ಗೌಡರು ಗೆದ್ದರು!

1962, 1967ರಲ್ಲಿ ತೀರ್ಥಹಳ್ಳಿಯಿಂದ ಮತ್ತೆ ಶಾಸಕರಾದರು. ಸದನದಲ್ಲಿ ಕನ್ನಡಕ್ಕಾಗಿ, ಗೇಣಿದಾರರಿಗಾಗಿ ಗುಡುಗಿದರು. 1972ರಲ್ಲಿ ತೀರಿಕೊಂಡರು.

ಅವರು ಹೋದ ಮೇಲೆ, 1974ರಲ್ಲಿ ಭೂಸುಧಾರಣೆ ಕಾನೂನಿಗೆ ತಿದ್ದುಪಡಿ ಬಂತು, ಉಳುವವನೇ ಹೊಲದೊಡೆಯನಾದ. ದುಡ್ಡಿಲ್ಲದೆ ಚುನಾವಣೆ ಗೆಲ್ಲೋಕಾಗಲ್ಲ ಅನ್ನುವವರಿಗೆ ಗೋಪಾಲಗೌಡರ ಹೆಸರು ಹೇಳಿ.