ಮಾಳಿಗೆಯ ಮೇಲಿನ ಹೆಜ್ಜೆಗಳು

ಮೂಕಚಿತ್ರದಲ್ಲಿ ಹೆಜ್ಜೆಯ ಸಪ್ಪಳವನ್ನು ಕೇಳಿಸುವುದು ಹೇಗೆ? ಆಲ್‌ಫ್ರೆಡ್ ಹಿಚ್‌ಕಾಕ್ ಎಂಬ ತರುಣ ನಿರ್ದೇಶಕನಿಗೆ 1926ರಲ್ಲಿ ಎದುರಾದ ಪ್ರಶ್ನೆಯಿದು. ಆತ ದಪ್ಪ ಗಾಜಿನ ನೆಲವೊಂದನ್ನು ಮಾಡಿಸಿ, ನಟನನ್ನು ಅದರ ಮೇಲೆ ನಡೆಸಿ, ಕ್ಯಾಮರಾವನ್ನು ಕೆಳಗಿಟ್ಟು ಚಿತ್ರಿಸಿದನು. ಮನೆಯವರು ತಲೆಯೆತ್ತಿ ನೋಡುತ್ತಾರೆ, ತೂಗುದೀಪ ಅಲುಗುತ್ತದೆ, ಛಾವಣಿಯೇ ಕರಗಿಹೋದಂತಾಗಿ, ಅತ್ತಿಂದಿತ್ತ ಸುಳಿದಾಡುವ ಬೂಟಿನ ಅಟ್ಟೆಗಳು ಕಾಣುತ್ತವೆ. ಕಿವಿಯ ಕೆಲಸವನ್ನು ಕಣ್ಣೇ ಮಾಡಿಬಿಡುತ್ತದೆ.

ಚಿತ್ರದ ಹೆಸರು 'ದಿ ಲಾಡ್ಜರ್', ಎಂದರೆ ಬಾಡಿಗೆ ಕೋಣೆಯವನು. ಬಿಡುಗಡೆಯಾದದ್ದು 1927ರಲ್ಲಿ. ಲಂಡನ್ನಿನಲ್ಲಿ ಮಂಗಳವಾರಗಳಂದು ಹೊಂಗೂದಲಿನ ತರುಣಿಯರ ಕೊಲೆಯಾಗುತ್ತಿರುತ್ತದೆ. ಕೊಲೆಗಾರ ಮುಖಕ್ಕೆ ವಸ್ತ್ರ ಸುತ್ತಿಕೊಂಡಿದ್ದನಂತೆ. ಹಾಗೆಯೇ ವಸ್ತ್ರ ಸುತ್ತಿಕೊಂಡ ಒಬ್ಬಾತ ಬಂಟಿಂಗ್ ದಂಪತಿಗಳ ಮನೆಗೆ ಕೋಣೆ ಕೇಳಿಕೊಂಡು ಬರುತ್ತಾನೆ. ಗೋಡೆಯ ಮೇಲಿದ್ದ ಹೊಂಗೂದಲಿನ ಚೆಲುವೆಯರ ಚಿತ್ರಗಳನ್ನು ತೆಗೆಸಿಬಿಡುತ್ತಾನೆ. ರಾತ್ರಿ ಸದ್ದಿಲ್ಲದೆ ಹೊರಗೆ ಹೋಗುತ್ತಾನೆ. ಆ ಮನೆಯ ಮಗಳು ಡೇಸಿಯ ಕೂದಲೂ ಹೊನ್ನಿನ ಬಣ್ಣದ್ದೇ. ಅವಳನ್ನು ವರಿಸಬೇಕೆಂದಿರುವ ಪೋಲೀಸಿನವನಿಗೆ ಸಂಶಯ ಯಾವುದು, ಮತ್ಸರ ಯಾವುದು ಎಂಬುದೇ ತಿಳಿಯದು.

ಇಲ್ಲಿ ನನ್ನ ಒಂದು ಮಾತು. ನಮ್ಮ ಮನೆಯಲ್ಲಿ ನನಗಿಂತ ಮೊದಲು ಕಾಲೇಜಿನ ಮೆಟ್ಟಿಲು ಹತ್ತಿದವರಿಲ್ಲ. ಹಳ್ಳಿಯಿಂದ ಬಂದು ಮಾಳಿಗೆಯ ಕೋಣೆ ಹಿಡಿದೆ. ನಡೆದಾಡುತ್ತ ಓದಿದರೆ ಮಾತ್ರ ಪಾಠ ತಲೆಗೆ ಹತ್ತುವ ಜಾತಿ ನನ್ನದು. ಕೆಳಗಿನವರ ಕೈಗಡಿಯಾರ ಕಾಣೆಯಾದ ದಿನ, ನನ್ನ ಟ್ರಂಕನ್ನು ಬಿಚ್ಚಿಸಿ ನೋಡಿದರು. ಗಡಿಯಾರ ಯಜಮಾನರ ಕೋಟಿನ ಜೇಬಿನಲ್ಲೇ ಸಿಕ್ಕಿತು. ಅಂದಿನಿಂದ ನಾನು ಕುಳಿತೇ ಓದುತ್ತೇನೆ.

ಚಿತ್ರದ ಬಾಡಿಗೆಯವನ ಗತಿ ಇದಕ್ಕಿಂತ ಘೋರ. ಕೊಲೆಯಾದವರಲ್ಲಿ ಮೊದಲನೆಯವಳು ಅವನ ತಂಗಿಯೇ; ಅವನು ರಾತ್ರಿ ಅಲೆಯುತ್ತಿದ್ದುದು ಕೊಲೆಗಾರನ ಬೇಟೆಗಾಗಿ. ಕೈಕೋಳದೊಡನೆ ಓಡಿಹೋಗುವಾಗ ಕೋಳ ಕಬ್ಬಿಣದ ಬೇಲಿಗೆ ಸಿಕ್ಕಿ ಅವನು ನೇತಾಡುತ್ತಾನೆ. ಜನ ಮುತ್ತಿ ಬಡಿಯುತ್ತಾರೆ. ಅಷ್ಟರಲ್ಲಾಗಲೇ ನಿಜವಾದ ಕೊಲೆಗಾರ ಬೇರೆಡೆ ಸಿಕ್ಕಿಬಿದ್ದಿರುತ್ತಾನೆ!

ಮೂಲವಾದ ಮೇರಿ ಬೆಲಕ್ ಲೌಂಡ್ಸ್ ಅವರ 1913ರ ಕಾದಂಬರಿಯಲ್ಲಿ ಬಾಡಿಗೆಯವನು ನಿರಪರಾಧಿಯಲ್ಲ. ಆದರೆ ಪಾತ್ರಧಾರಿ ಐವರ್ ನೊವೆಲ್ಲೊ ಜನರ ಕಣ್ಮಣಿ. ಅವನನ್ನು ಕೊಲೆಗಾರನೆಂದು ತೋರಿಸುವಂತಿರಲಿಲ್ಲ. ಅವನು ಯಾರೆಂಬುದೇ ತಿಳಿಯದಂತೆ ಕತ್ತಲಲ್ಲಿ ಮರೆಯಾಗಿದ್ದರೆ ಚೆನ್ನಿತ್ತೆಂದು ಹಿಚ್‌ಕಾಕ್ ಮುಂದೆ ಹೇಳಿದ್ದುಂಟು. ಕಲೆಯ ದೃಷ್ಟಿಯಿಂದ ಅದು ಸರಿಯಿದ್ದೀತು. ನನಗಂತೂ ಅವನು ನಿರ್ದೋಷಿಯೆಂದು ತಿಳಿದ ಮೇಲೆಯೇ ಅಂದು ನಿದ್ದೆ ಬಂದದ್ದು.